ಹಿಂದಿನ ಸೀಟಿನ ದುಂಬಿ

ಅತ್ತೆ ಇನ್ನೊಮ್ಮೆ ಕೀ ತಿರುಗಿಸಿದರು. ಕಾರು ಇನ್ನೊಮ್ಮೆ ಕೆಮ್ಮಿತು, ಗೊರಗೊರ ಎಂದಿತು, ಸುಮ್ಮನಾಯಿತು.

ನಾನು ಅವರ ಪಕ್ಕದ ಸೀಟಿನಲ್ಲಿ ಮಡಿಲ ಮೇಲೆ ಚೀಲವಿಟ್ಟುಕೊಂಡು, ಬಲಗಾಲಿನಿಂದ ಇಲ್ಲದ ಬ್ರೇಕನ್ನು ಒತ್ತುತ್ತ ಕುಳಿತಿದ್ದೆ. ನಿಂತ ಕಾರಿನಲ್ಲೂ ನನ್ನ ಕಾಲು ಸುಮ್ಮನಿರುವುದಿಲ್ಲ. ಅವರಿಗೆ ಕಾರು ಕಲಿಸಲು ಪಕ್ಕದಲ್ಲಿ ಕೂರತೊಡಗಿದಾಗಿನಿಂದ ಅಂಟಿಕೊಂಡ ಅಭ್ಯಾಸ.

ಆ ದಿನ ಹನ್ನೊಂದಕ್ಕೆ ಆರ್‌ಟಿಓದಲ್ಲಿ ಅತ್ತೆಯ ಡ್ರೈವಿಂಗ್ ಟೆಸ್ಟ್ ಇತ್ತು. ಕಲಿಯುವವರಿಗೆ ಕೊಡುವ ಅವರ ಎಲ್ಎಲ್ ಮರುದಿನಕ್ಕೆ ಮುಗಿಯುತ್ತಿತ್ತು. ಹಿಂದಿನ ಸಲ ಹೋದಾಗ ರಿವರ್ಸ್ ತೆಗೆಯುತ್ತ ಕಂಬಕ್ಕೆ ತಾಗಿಸಿ ಫೇಲಾಗಿದ್ದರು. ಈ ಸಲವೂ ಲೈಸನ್ಸ್ ಸಿಗದಿದ್ದರೆ ಕಾರನ್ನು ಮಾರಿಬಿಡುವುದೆಂದು ಅವರಿಗೂ ನನ್ನ ಗಂಡ ಗಿರಿಗೂ ಒಪ್ಪಂದವಾಗಿತ್ತು. ಮಾತು ತೆಗೆದದ್ದು ಗಿರಿ, ಒಪ್ಪಿದ್ದು ಅತ್ತೆ. ಒಪ್ಪಿದ ಮಾತಿನಿಂದ ಅತ್ತೆ ಹಿಂದೆ ಸರಿದದ್ದನ್ನು ಈ ಮನೆಗೆ ಬಂದಾಗಿನಿಂದ ನಾನು ಕಂಡಿಲ್ಲ. ನನ್ನ ಭಯಕ್ಕೆ ಅದೇ ಕಾರಣ.

ಅತ್ತೆಯ ಹೆಸರು ಅಂಜಿನಮ್ಮ. ಅರವತ್ತು ದಾಟಿದವರು. ಬಾಗಲಗುಂಟೆಯಲ್ಲಿ ಅವರು ರಾಗಿ ಬೆಳೆದ ಹೊಲದಲ್ಲಿ ಈಗ ನಮ್ಮ ಬಾಡಿಗೆ ಮನೆಗಳ ಕಟ್ಟಡ ನಿಂತಿದೆ. ಆದರೂ ಹೆಸರಘಟ್ಟದ ಹತ್ತಿರ ಉಳಿದ ತುಂಡು ಜಮೀನಿನಲ್ಲಿ ಅವರು ನಾಲ್ಕು ಹಸು ಸಾಕುತ್ತಾರೆ. ನೋಡಿಕೊಳ್ಳಲು ಅಲ್ಲಿ ಒಂದು ಕುಟುಂಬವಿದೆ. ಆದರೂ ದಿನ ಬಿಟ್ಟು ದಿನವಾದರೂ ಹೋಗಿ ಹಸುವಿನ ಮುಖ ನೋಡದಿದ್ದರೆ ಅವರಿಗೆ ಊಟ ಇಳಿಯುವುದಿಲ್ಲ. ಮಾವ ಕದಿರಪ್ಪನವರು ಇದ್ದಷ್ಟು ಕಾಲ ಈ ಬಿಳಿ ಕಾರಿನಲ್ಲಿ ಅವರೇ ಕರೆದುಕೊಂಡು ಹೋಗುತ್ತಿದ್ದರು. ಮುಂದಿನ ಸೀಟಿನಲ್ಲಿ ಬೂಸಾದ ಮೂಟೆ, ಹಿಂದಿನ ಸೀಟಿನಲ್ಲಿ ಎಡಕ್ಕೆ ಅತ್ತೆ, ಅವರ ಪಕ್ಕದಲ್ಲಿ ಹಾಲಿನ ಕ್ಯಾನು. ಆ ವ್ಯವಸ್ಥೆ ಎಂದೂ ಬದಲಾಗಲಿಲ್ಲ.

ಮಾವ ತೀರಿಕೊಂಡ ಮೇಲೆ ಅತ್ತೆ ಪ್ರತಿ ಸಲವೂ ಯಾರನ್ನಾದರೂ ಕೇಳಬೇಕಾಯಿತು. "ಗಿರಿ, ಬಿಡುವೈತೇನೋ?" ಎಂದು ಕೇಳುವಾಗ ಅವರ ಧ್ವನಿ ಅರ್ಧ ಇಳಿಯುತ್ತಿತ್ತು. ಒಂದು ದಿನ ಗೇಟಿನ ಬಳಿ ಬೂಸಾದ ಮೂಟೆಯ ಮೇಲೆ ಕೂತು ಮಧ್ಯಾಹ್ನದವರೆಗೂ ಕಾದರು. ಗಿರಿಯ ಕೆಲಸ ಮುಗಿಯಲಿಲ್ಲ. ಸಂಜೆ ಮುದ್ದೆ ಮುರಿಯುತ್ತ, ಉಪ್ಪು ಕಮ್ಮಿಯಾಗಿದೆ ಎಂದು ಹೇಳುವಷ್ಟೇ ಸಾಧಾರಣವಾಗಿ, "ನಾನು ಕಾರು ಕಲೀತೀನಿ" ಅಂದರು.

ಡ್ರೈವಿಂಗ್ ಸ್ಕೂಲಿಗೆ ಹೋದದ್ದು ಎರಡೇ ದಿನ. ಅಲ್ಲಿನ ಕಾರಿನಲ್ಲಿ ಕಲಿಸುವವನ ಕಾಲ ಬಳಿಯೂ ಬ್ರೇಕು, ಕ್ಲಚ್ಚು ಇರುತ್ತದೆ. "ಎಲ್ಲಾ ಅವ್ನೇ ಒತ್ತೋದಾದ್ರೆ ನಾನ್ಯಾಕೆ ಕೂತ್ಕಬೇಕು?" ಎಂದು ಬಿಟ್ಟು ಬಂದರು. ಆಮೇಲೆ ಪಕ್ಕದಲ್ಲಿ ಕೂರುವ ಕೆಲಸ ನನಗೆ ಬಂತು. ನನಗೆ ಲೈಸನ್ಸ್ ಇದೆ. ಉಸಿರು ಬಿಗಿ ಹಿಡಿದು ನಾನು ಕೆಲಸ ಮಾಡುವ ಕಾಲೇಜಿಗೆ ಹೋಗಿ ಬರುವಷ್ಟು ಓಡಿಸುತ್ತೇನೆ, ಅಷ್ಟೆ. ಹೆಸರಘಟ್ಟದ ಹುಲ್ಲುಗಾವಲಿನ ಪಕ್ಕದ ರಸ್ತೆಯಲ್ಲಿ ಅತ್ತೆ ಕಲಿತರು. ನಾನು ಹೆದರಿದೆ. ಇಬ್ಬರೂ ನಮ್ಮ ನಮ್ಮ ಕೆಲಸವನ್ನು ಶ್ರದ್ಧೆಯಿಂದ ಮಾಡಿದೆವು.

ಈಗ ಆ ಕಾರು ಮನೆ ಮುಂದೆ ಹಂದದೆ ನಿಂತಿತ್ತು.

ಗಿರಿ ಬಾಯಲ್ಲಿ ಬ್ರಷ್ ಇಟ್ಟುಕೊಂಡೇ ಮೆಟ್ಟಿಲ ಮೇಲೆ ಬಂದು ನಿಂತರು. "ಏನಮ್ಮಾ, ಮುನಿಸ್ಕೊಂಡ್ಬಿಟ್ಟಿದೆಯಾ ನಿನ್ ಗಾಡಿ?"

"ನಿನ್ ಥರಾನೇ ಕಣೋ. ಬೆಳಗ್ಗೆ ಬೆಳಗ್ಗೆ ಎಬ್ಬಿಸಿದ್ರೆ ಏಳಾಕಿಲ್ಲ."

"ದೇವ್ರೇ ಬೇಡ ಅಂತಿದಾನೆ ಅಂದ್ಕೊ. ಇವತ್ತು ಬಿಟ್ಬಿಡು. ಶಾಂತಲಾ, ನೀನಾದ್ರೂ ಹೇಳೇ."

ನಾನು ಗಡಿಯಾರ ನೋಡಿಕೊಂಡೆ. ಗಿರಿಗೆ ಬೇರೆ ಕಾರಿತ್ತು, ಆದರೆ ಅದನ್ನು ಕೊಡಿ ಎಂದು ಕೇಳುವಂತಿರಲಿಲ್ಲ. ಅದು ಆಟೋಮ್ಯಾಟಿಕ್, ಕ್ಲಚ್ಚೇ ಇಲ್ಲ, ಅತ್ತೆ ಅದನ್ನು ಒಮ್ಮೆಯೂ ಮುಟ್ಟಿಲ್ಲ.

ಅಷ್ಟರಲ್ಲಿ ಕಟ್ಟಡದ ಬಾಲ್ಕನಿಗಳಲ್ಲಿ ಬಾಡಿಗೆಯವರು ನೆರೆದಿದ್ದರು. ಹಲ್ಲುಜ್ಜುವವರು, ಬಟ್ಟೆ ಒಣಹಾಕುವವರು, ಎಲ್ಲರಿಗೂ ಕಾರಿನ ವಿಷಯ ಗೊತ್ತಿತ್ತು.

"ಬ್ಯಾಟರಿ ಡೌನ್ ಆಂಟಿ!"

"ಬ್ಯಾಟರಿ ಅಲ್ಲ ಮಗಾ, ಪ್ಲಗ್ಗು!"

"ತಳ್ಳಿ, ಸೆಕೆಂಡ್ ಗೇರ್‌ನಲ್ಲಿ ಬಿಟ್ರೆ ಹತ್ಕೊಳ್ಳುತ್ತೆ!"

ತಳ್ಳುವ ಮಾತು ಗಿರಿಗೆ ಹಿಡಿಸಿತು. ಬ್ರಷ್ ಒಳಗಿಟ್ಟು ಬಂದು, ಮೇಲಿನಿಂದ ಇಬ್ಬರನ್ನು ಕರೆದು, ರಸ್ತೆಯ ತುದಿಯವರೆಗೂ ತಳ್ಳಿದರು. ಕಾರು ಎರಡು ಸಲ ಕುಪ್ಪಳಿಸಿತೇ ಹೊರತು ಹೊತ್ತಿಕೊಳ್ಳಲಿಲ್ಲ. ಮತ್ತೆ ವಾಪಸ್ ತಳ್ಳಿಕೊಂಡು ಬರುವ ಹೊತ್ತಿಗೆ ಗಿರಿಯ ಬನಿಯನ್ ಬೆನ್ನಿಗೆ ಅಂಟಿತ್ತು, ತಮಾಷೆ ಮುಗಿದಿತ್ತು. "ಆಗಲ್ಲ ಅಮ್ಮಾ. ಇಷ್ಟೇ" ಅಂದರು. ಅವರ ಮುಖದಲ್ಲಿ ಗೆಲುವೇನೂ ಕಾಣಲಿಲ್ಲ, ಅದನ್ನು ಹೇಳಲೇಬೇಕು.

ನಾನು ಮೆಕ್ಯಾನಿಕ್ ಅಕ್ಬರ್ ಪಾಷಾಗೆ ಫೋನ್ ಮಾಡಿದೆ. ಶೆಟ್ಟಿಹಳ್ಳಿಯಲ್ಲಿ ಅವರ ಶೆಡ್ಡು. ಮಾವನ ಕಾಲದಿಂದಲೂ ಈ ಕಾರು ನೋಡಿದವರು. ಸ್ಪೀಕರ್‌ಗೆ ಹಾಕಿದೆ.

"ಬ್ಯಾಟರಿ ಅಮ್ಮಾ, ನೂರಕ್ಕೆ ನೂರು ಬ್ಯಾಟರಿ" ಎಂದರು ಪಾಷಾ. "ಇಲ್ಲಿ ಲಾರಿ ಇಂಜಿನ್ ಇಳಿಸ್ಬಿಟ್ಟಿದೀನಿ, ಬಿಟ್ಟು ಬರಕ್ಕಾಗಲ್ಲ. ಮಧ್ಯಾಹ್ನ ಬಂದು ಹೊಸದು ಹಾಕ್ಕೊಡ್ತೀನಿ."

ಮಧ್ಯಾಹ್ನ ಎಂಬ ಮಾತು ಕೇಳಿ ನನ್ನ ಕಣ್ಣು ತುಂಬಿತು. ಅತ್ತೆ ಮಾತ್ರ ಕಾರಿನಿಂದ ಇಳಿದು, ಸೆರಗು ಸೊಂಟಕ್ಕೆ ಸಿಕ್ಕಿಸಿ, ಕಾರಿನ ಸುತ್ತ ಒಂದು ಸುತ್ತು ಬಂದರು. ಆ ನಡಿಗೆ ನನಗೆ ಪರಿಚಿತ. ಹಸು ಮೇವು ಮುಟ್ಟದ ದಿನ ಅವರು ಕೊಟ್ಟಿಗೆಯಲ್ಲಿ ಹೀಗೆಯೇ ಸುತ್ತು ಹಾಕುತ್ತಾರೆ. ತಕ್ಷಣ ಡಾಕ್ಟರಿಗೆ ಹೇಳಿಕಳಿಸುವುದಿಲ್ಲ. ಕಿವಿ ಮುಟ್ಟಿ ನೋಡುತ್ತಾರೆ, ಮೂತಿ ಒದ್ದೆಯಿದೆಯೇ ನೋಡುತ್ತಾರೆ, ಸಗಣಿ ನೋಡುತ್ತಾರೆ, ಮೆಲುಕು ಹಾಕುತ್ತಿದೆಯೇ ಎಂದು ಪಕ್ಕದಲ್ಲೇ ಕೂತು ಕಾಯುತ್ತಾರೆ. "ಕೆಟ್ಟಿದ್ದು ಹುಡುಕೋಕೆ ಮುಂಚೆ ನೆಟ್ಟಗಿರೋದು ಎಣಿಸ್ಕಬೇಕು" ಎನ್ನುವುದು ಅವರ ಕ್ರಮ. ಎಣಿಸುತ್ತ ಹೋದರೆ ಕೊನೆಗೆ ಎಣಿಕೆಗೆ ಸಿಗದೆ ಉಳಿದದ್ದೇ ರೋಗ. ಎಲ್ಲ ವಿಷಯದಲ್ಲೂ ಕೆಟ್ಟದ್ದನ್ನೇ ಮೊದಲು ಹುಡುಕುವ ನನ್ನಂಥವಳಿಗೆ ಈ ಕ್ರಮ ಎಷ್ಟು ಸಲ ನೋಡಿದರೂ ಸೋಜಿಗ.

"ಶಾಂತಲಾ, ನನ್ ಜಾಗಕ್ಕೆ ಬಾ. ಲೈಟ್ ಆಕು."

ಹಾಕಿದೆ. ಎದುರುಮನೆಯ ಗೋಡೆಯ ಮೇಲೆ ಬೆಳಕು ಗಟ್ಟಿಯಾಗಿ ಬಿತ್ತು.

"ಸರಿಗೈತೆ. ಆರನ್ ಒಡಿ."

ಹಾರನ್ ಬೀದಿಯ ನಾಯಿಗಳನ್ನೆಲ್ಲ ಎಬ್ಬಿಸಿತು.

"ಸರಿಗೈತೆ. ಕೀ ತಿರುಗ್ಸು." ಇಂಜಿನ್ ಗೊರಗೊರ ತಿರುಗಿತು. "ಅದೂ ಸರಿಗೈತೆ. ಪಾಷಾ, ಕೇಳಿಸ್ತಾ? ಲೈಟು ಉರಿತೈತೆ, ಆರನ್ನು ಕೂಗ್ತೈತೆ, ಇಂಜಿನ್ನು ತಿರುಗ್ತೈತೆ. ನಿನ್ ಬ್ಯಾಟರಿ ಎಂಗಪ್ಪಾ ಸತ್ತೋಯ್ತು?"

ಫೋನಿನಲ್ಲಿ ಪಾಷಾ ನಕ್ಕರು. "ಹಂಗಾದ್ರೆ ಬ್ಯಾಟರಿ ಅಲ್ಲ ಬಿಡಿ. ಪೆಟ್ರೋಲ್ ಇದೆಯಾ?"

"ನಿನ್ನೆ ನಾನೇ ಹಾಕಿಸಿದ್ದು" ಎಂದೆ. ದಾರಿಯಲ್ಲಿ ಖಾಲಿಯಾದರೆ ಎಂಬ ಹೆದರಿಕೆಗೆ, ಇದ್ದ ಪೆಟ್ರೋಲಿನ ಮೇಲೆ ಮತ್ತಷ್ಟು ತುಂಬಿಸಿದ್ದೆ.

"ಎಲ್ಲಾ ಐತೆ" ಎಂದು ಅತ್ತೆ ತಮ್ಮಷ್ಟಕ್ಕೆ ಹೇಳಿಕೊಂಡರು. "ದಿನಾ ಆಗೋದ್ರಲ್ಲಿ ಇವತ್ತು ಆಗ್ದೇ ಇರೋದು ಯಾವ್ದು?"

ಅತ್ತೆ ಬಾನೆಟ್ಟಿನ ಮೇಲೆ ಅಂಗೈ ಇಟ್ಟು, ಕಣ್ಣು ಸಣ್ಣದು ಮಾಡಿ ನಿಂತರು. ಆಮೇಲೆ ಯಾವ ಮುನ್ಸೂಚನೆಯೂ ಇಲ್ಲದೆ ಹಿಂದಿನ ಬಾಗಿಲು ತೆಗೆದು, ಎಡಕ್ಕೆ, ತಮ್ಮ ಹಳೆಯ ಜಾಗದಲ್ಲಿ ಹೋಗಿ ಕೂತರು.

"ಏನಮ್ಮಾ, ಅಪ್ಪನ್ ಕಾಯ್ತಿದೀಯಾ?" ಎಂದರು ಗಿರಿ. ಕೀಟಲೆಗೆ ಹೇಳಿದ ಮಾತು ಅರ್ಧಕ್ಕೆ ಬರುವಷ್ಟರಲ್ಲಿ ಮೆತ್ತಗಾಯಿತು.

"ಬಾಯ್ ಮುಚ್ಕೊಂಡಿರು. ಶಾಂತಲಾ, ಪೂರ್ತಿ ತಿರುಗಿಸ್ಬೇಡ. ಕೀನ ಅರ್ಧಕ್ಕೆ ನಿಲ್ಸು. ಫ್ಯಾನು ಆಫ್ ಮಾಡು."

ನಾನು ಅರ್ಧಕ್ಕೆ ನಿಲ್ಲಿಸಿದೆ. ಸ್ಟೀರಿಂಗಿನ ಹಿಂದಿನ ಪುಟ್ಟ ದೀಪಗಳು ಹೊತ್ತಿಕೊಂಡವು. ಅಷ್ಟೆ. ಅತ್ತೆ ಸೀಟಿಗೆ ಅಂಗೈ ಊರಿ, ತಲೆ ವಾಲಿಸಿ ಕೇಳಿಸಿಕೊಂಡರು.

"ಇನ್ನೊಂದ್ಸಲ."

ಮತ್ತೆ ಮಾಡಿದೆ.

"ದುಂಬಿ ಕೂಗ್ತಿಲ್ಲ" ಎಂದರು ಅತ್ತೆ.

ಗಿರಿ ನನ್ನ ಮುಖ ನೋಡಿದರು. ನಾನು ಅವರ ಮುಖ ನೋಡಿದೆ.

"ನಿಮ್ಮಪ್ಪ ಕೀ ತಿರುಗ್ಸಿದ್ ತಕ್ಷಣ ಈ ಸೀಟಿನ ಕೆಳಗೆ ದುಂಬಿ ಕೂಗೋದು ಕಣೋ. ಗುಂಯ್ ಅಂತ. ಒಂದ್ ಉಸಿರಷ್ಟು ಒತ್ತು ಕೂಗಿ ಸುಮ್ನಾಗೋದು. ಆಮೇಲೇ ಇಂಜಿನ್ ಅತ್ಕೊಳ್ಳೋದು. ಒಂದ್ ದಿನಾನೂ ತಪ್ಪಿಲ್ಲ. ಮುಂದಿನ ಸೀಟಿಗೆ ಬಂದ್ಮೇಲೆ ಕೇಳಿಸ್ಲಿಲ್ಲ, ನನಗೂ ಮರ್ತೇ ಓಗಿತ್ತು."

ಫೋನಿನಲ್ಲಿ ಸ್ಪ್ಯಾನರ್ ಕೆಳಗಿಟ್ಟ ಸದ್ದು ಕೇಳಿತು. "ಅಮ್ಮಾ, ಅದು ಪೆಟ್ರೋಲ್ ಪಂಪು!" ಎಂದರು ಪಾಷಾ. "ಟ್ಯಾಂಕ್ ಒಳಗಿರುತ್ತೆ, ಹಿಂದಿನ ಸೀಟಿನ ಕೆಳಗೇ. ಅದು ಕೂಗ್ಲಿಲ್ಲ ಅಂದ್ರೆ ಇಂಜಿನ್‌ಗೆ ಪೆಟ್ರೋಲ್ ಹೋಗೋದೇ ಇಲ್ಲ. ತಳ್ಳಿದ್ರೂ ಅಷ್ಟೆ, ಎತ್ತಿದ್ರೂ ಅಷ್ಟೆ."

ಗಿರಿ ತಮ್ಮ ಬನಿಯನ್ ನೋಡಿಕೊಂಡರು.

"ಪಂಪೇ ಹೋಗಿದ್ರೆ ಇವತ್ತು ಆಗಲ್ಲಮ್ಮಾ, ಸುಳ್ಳು ಹೇಳಲ್ಲ. ಆದ್ರೆ ಅದಕ್ಕೆ ಕರೆಂಟ್ ಹೋಗ್ತಿಲ್ಲ ಅಂದ್ರೆ ನೋಡ್ಬಹುದು. ಮೊದ್ಲು ಫ್ಯೂಸ್ ತೆಗ್ದು ನೋಡಿ."

ಪಾಷಾ ಹೇಳಿದ ಜಾಗದಲ್ಲಿ ಫ್ಯೂಸ್ ಕಿತ್ತು ಬೆಳಕಿಗೆ ಹಿಡಿದೆ. ಒಳಗಿನ ತಂತಿ ಮುರಿದಿರಲಿಲ್ಲ. ಮುರಿದಿದ್ದರೆ ಬೇರೆ ಹಾಕಿ ಮುಗಿಸಬಹುದಿತ್ತು ಅನ್ನಿಸಿತು; ಅದನ್ನು ಮತ್ತೆ ಅಲ್ಲೇ ಸಿಕ್ಕಿಸಿದೆ. ಉಳಿದದ್ದು ವೈರು. ಬಾನೆಟ್ ಎತ್ತಿದೆವು. ಗಿರಿ ನನ್ನ ಚೀಲವನ್ನು ಸಂತೆ ಎಂದು ಕರೆಯುತ್ತಾರೆ; ಆ ಸಂತೆಯಿಂದಲೇ ಟಾರ್ಚ್ ತೆಗೆದು ಒಳಗೆ ಬಿಟ್ಟೆ.

ಇಂಜಿನ್ನಿನ ಬಗ್ಗೆ ನನಗೆ ಏನೂ ತಿಳಿಯದು. ಆದರೆ ಇರಬಾರದ ಜಾಗದಲ್ಲಿ ಇರುವ ವಸ್ತುವನ್ನು ನನ್ನ ಕಣ್ಣು ಬಿಡುವುದಿಲ್ಲ. ಬ್ಯಾಟರಿಯ ಹಿಂದಿನ ಸಂದಿಯಲ್ಲಿ, ಒಣಗಿದ ಚೆಂಡುಹೂವಿನ ಎಸಳುಗಳ ನಡುವೆ, ಬಿಳಿಯದೇನೋ ಕಂಡಿತು. ಬಗ್ಗಿ ನೋಡಿದೆ. ಕಡಲೆಪುರಿ.

"ಅತ್ತೆ, ಇಲ್ಲಿ ಕಡಲೆಪುರಿ ಇದೆ" ಎನ್ನುವಷ್ಟರಲ್ಲಿ ಆ ಸಂದಿಯಿಂದ ಒಂದು ಇಲಿ ನನ್ನ ಮುಂಗೈ ಸವರಿಕೊಂಡು ಹಾರಿ, ಚಕ್ರದ ಪಕ್ಕ ಇಳಿದು ಓಡಿತು. ನಾನು ಕಿರುಚಿದ ಸದ್ದು ಹಾರನ್ನಿಗೆ ಕಡಿಮೆ ಇರಲಿಲ್ಲ. ಬಾಲ್ಕನಿಗಳು ಬಿದ್ದು ಬಿದ್ದು ನಕ್ಕವು.

ಆಯುಧಪೂಜೆಯ ದಿನ ನನಗೆ ನೆನಪಾಯಿತು. ಪ್ರತಿ ವರ್ಷ ಕಾರಿಗೆ ಹೂವಿನ ಹಾರ ಹಾಕಿ, ಚಕ್ರದ ಕೆಳಗೆ ನಿಂಬೆಹಣ್ಣಿಟ್ಟು, ಮೇಲೊಂದಿಷ್ಟು ಕಡಲೆಪುರಿ ಎರಚುವುದು ನಮ್ಮಲ್ಲಿ ವಾಡಿಕೆ. ಈ ವರ್ಷದ್ದು ಅತ್ತೆ ಚಾಲಕಿಯಾಗಿ ಮಾಡಿದ ಮೊದಲ ಪೂಜೆ. ಬಾನೆಟ್ ಎತ್ತಿಸಿ, "ದುಡಿಯೋದು ಒಟ್ಟೆ, ನೀವು ಬೆನ್ನಿಗೆ ಪೂಜೆ ಮಾಡ್ತೀರಿ" ಎಂದು ಇಂಜಿನ್ನಿಗೂ ಅರಿಶಿನ ಕುಂಕುಮ ಇಟ್ಟು, ಬೊಗಸೆ ತುಂಬ ಕಡಲೆಪುರಿ, ಬೆಲ್ಲದ ಚೂರು ಸುರಿದಿದ್ದರು. ಅದನ್ನು ತಿನ್ನಲು ಬಂದ ಇಲಿ ಅಲ್ಲೇ ಮನೆ ಮಾಡಿ, ಪುರಿ ಮುಗಿಯುತ್ತ ಬಂದಂತೆ ವೈರಿಗೆ ಹಲ್ಲು ಹಾಕಿತ್ತು. ಒಂದು ವೈರು ಪೂರ್ತಿ ತುಂಡಾಗಿ, ತಾಮ್ರದ ಎಳೆಗಳು ಹೊಳೆಯುತ್ತಿದ್ದವು.

"ಅಮ್ಮಾ" ಎಂದರು ಗಿರಿ, ತುಂಬ ಮೆಲ್ಲಗೆ. "ಪುರಿ ಸುರಿದಿದ್ದು ಯಾರು?"

ನಾನಾಗಿದ್ದರೆ ಅಲ್ಲೇ ಕುಸಿದು ಕೂರುತ್ತಿದ್ದೆ. ಅತ್ತೆ ಬಗ್ಗಿ ಆ ತುಂಡು ವೈರನ್ನು ನೋಡಿದರು, ಇಲಿ ಓಡಿದ ದಿಕ್ಕನ್ನು ನೋಡಿದರು, ಮತ್ತೆ ಸೊಂಟದ ಮೇಲೆ ಕೈಯಿಟ್ಟು ನಕ್ಕರು. "ನಾನೇ ಕಣೋ, ಇನ್ಯಾರು? ಗಣೇಶನ ಗಾಡಿಗೂ ಒಂದ್ ಆಯುಧಪೂಜೆ ಆಗೋಯ್ತು ಬಿಡು. ಪಾಷಾ, ಇಲಿ ಕಡ್ದೈತೆ. ಇದನ್ನ ಸೇರಿಸ್ಬೋದಾ?"

"ಸೇರಿಸ್ಬಹುದಮ್ಮಾ. ಮೊದ್ಲು ಬ್ಯಾಟರಿ ಮೈನಸ್ ಬಿಚ್ಚಿ. ಗಿರಿಯಣ್ಣಂಗೆ ಹೇಳಿ. ಬಿಚ್ದೆ ಮುಟ್ಬೇಡಿ."

ಗಿರಿ ಆಗಲೇ ಸ್ಪ್ಯಾನರ್ ತರಲು ಒಳಗೆ ಹೋಗಿದ್ದರು. ಯಾರೂ ಹೇಳಿರಲಿಲ್ಲ.

ಅವರು ಬ್ಯಾಟರಿಯ ತುದಿ ಬಿಚ್ಚಿದರು. ಅತ್ತೆ ತರಕಾರಿ ಚಾಕುವಿನಿಂದ ವೈರಿನ ಎರಡೂ ತುದಿಗಳ ಸಿಪ್ಪೆ ಹೆರೆದರು. ಆಮೇಲೆ ತಾಮ್ರದ ಎಳೆಗಳನ್ನು ಬಿಡಿಸಿ, ಒಂದರೊಳಗೊಂದು ಸೇರಿಸಿ, ಹೆಬ್ಬೆರಳು ತೋರುಬೆರಳಿನ ನಡುವೆ ಹೊಸೆದರು. ದಿನವೂ ಬೆಳಿಗ್ಗೆ ದೇವರ ಮನೆಯಲ್ಲಿ ಬತ್ತಿ ಹೊಸೆಯುವ ಬೆರಳುಗಳು. ಆತುರವಿಲ್ಲ, ನಡುಕವಿಲ್ಲ. ನಾನು ಟಾರ್ಚ್ ಹಿಡಿದಿದ್ದೆ. ತನ್ನ ಕೈಯಾರೆ ಆದ ತಪ್ಪನ್ನು ಅದೇ ಕೈಯಿಂದ, ಒಂದು ನಿಟ್ಟುಸಿರೂ ಇಲ್ಲದೆ ಸರಿಮಾಡಲು ಎಂಥ ಮನಸ್ಸು ಬೇಕು ಎಂದು ಯೋಚಿಸುತ್ತ ನಾನು ಟಾರ್ಚನ್ನು ಎರಡೂ ಕೈಯಲ್ಲಿ ಹಿಡಿದುಕೊಂಡೆ.

"ಟೇಪ್ ಇದೆಯಾ ಮನೇಲಿ?" ಎಂದು ಪಾಷಾ ಕೇಳಿದರು.

ಸಂತೆಯಲ್ಲಿತ್ತು. ಕಪ್ಪು ಟೇಪಿನ ಸುರುಳಿ ಹೊರಗೆ ಬಂದಾಗ ಗಿರಿ ಕೈ ಮುಗಿದರು. "ಇನ್ಮೇಲೆ ಸಂತೆ ಅಂದ್ರೆ ಕೇಳು."

ಟೇಪು ಸುತ್ತಿ, ಬ್ಯಾಟರಿ ಮತ್ತೆ ಸಿಕ್ಕಿಸಿ, ಗಿರಿ ಚಾಲಕನ ಸೀಟಿನಲ್ಲಿ ಕೂತು ಕೀ ಅರ್ಧಕ್ಕೆ ತಿರುಗಿಸಿದರು. ಅತ್ತೆ ಹಿಂದೆ ಕೂತಿದ್ದರು. ನಾನು ಹೊರಗೆ ನಿಂತು ಕಿಟಕಿಯಿಂದ ಅವರ ಮುಖವನ್ನೇ ನೋಡುತ್ತಿದ್ದೆ. ನನಗೆ ಏನೂ ಕೇಳಿಸಲಿಲ್ಲ. ಆದರೆ ಅವರ ಹುಬ್ಬು ಮೇಲಕ್ಕೆ ಹೋಯಿತು.

"ಕೂಗ್ತು" ಎಂದರು.

ಇಂಜಿನ್ ಮೊದಲ ಸಲಕ್ಕೇ ಹೊತ್ತಿಕೊಂಡಿತು. ಬಾಲ್ಕನಿಗಳಿಂದ ಚಪ್ಪಾಳೆ, ಸಿಳ್ಳೆ. ಫೋನಿನಲ್ಲಿ ಪಾಷಾ ಕೂಗುತ್ತಿದ್ದರು: "ಇದು ಇವತ್ತಿಗೆ ಮಾತ್ರ ಅಮ್ಮಾ! ಟೆಸ್ಟ್ ಮುಗಿಸ್ಕೊಂಡು ಸಂಜೆ ತಂದ್ಬಿಡಿ, ಸರಿಯಾಗಿ ಹಾಕ್ಕೊಡ್ತೀನಿ. ಸ್ವೀಟ್ ಬಾಕ್ಸ್ ಮರೀಬೇಡಿ!"

ಗಿರಿ ಇಳಿದು ತಾಯಿಗೆ ಸೀಟು ಬಿಟ್ಟುಕೊಟ್ಟರು. ಬಾಗಿಲು ಹಾಕಿ, ಕಿಟಕಿಯ ಮೇಲೆ ಕೈಯಿಟ್ಟು ಒಂದು ಕ್ಷಣ ನಿಂತರು. "ರಿವರ್ಸ್ ತೆಗೆಯುವಾಗ ಎಡಗಡೆ ಕನ್ನಡಿ ನೋಡಮ್ಮಾ" ಎಂದರು. ಇಷ್ಟು ದಿನದಲ್ಲಿ ಕಾರು ಓಡಿಸುವ ಬಗ್ಗೆ ಅವರು ತಾಯಿಗೆ ಹೇಳಿದ ಮೊದಲ ಬುದ್ಧಿಮಾತು.

ದಾರಿಯುದ್ದಕ್ಕೂ ನನ್ನ ಕಿವಿಯಲ್ಲಿ ಆ ಟೇಪು ಬಿಚ್ಚಿಕೊಳ್ಳುತ್ತಲೇ ಇತ್ತು. ಎಂಟನೇ ಮೈಲಿಯ ಸಿಗ್ನಲ್ಲಿನಲ್ಲಿ ಬಸ್ಸು ಲಾರಿಗಳ ನಡುವೆ ನಿಂತಾಗ, ಇಂಜಿನ್ ಒಮ್ಮೆ ಕಂಪಿಸಿದ್ದಕ್ಕೆ ನಾನು ಅತ್ತೆಯ ತೋಳು ಹಿಡಿದುಕೊಂಡೆ. "ಗೇರ್ ಆಕ್ಬೇಕು, ಕೈ ಬಿಡಮ್ಮಾ" ಎಂದರು ಅವರು, ಕಣ್ಣು ರಸ್ತೆಯಿಂದ ತೆಗೆಯದೆ.

ಟೆಸ್ಟಿನ ಜಾಗದಲ್ಲಿ ಸಾಲು ಉದ್ದವಿತ್ತು. ಇನ್ಸ್‌ಪೆಕ್ಟರು ಎಲ್ಲರಿಗೂ ಇಂಜಿನ್ ಆರಿಸಲು ಹೇಳಿದರು. ಅತ್ತೆ ನನ್ನ ಕಡೆ ಒಮ್ಮೆ ನೋಡಿ ಆರಿಸಿದರು. ಮತ್ತೆ ಹೊತ್ತಿಕೊಳ್ಳುವುದೋ ಇಲ್ಲವೋ ಎಂದು ಕಾದ ಆ ಹೊತ್ತು ನನಗೆ ಇಡೀ ಬೆಳಗಿನಲ್ಲಿ ಅತಿ ಕಷ್ಟದ್ದಾಗಿತ್ತು. ಅವರ ಸರದಿ ಬಂದಾಗ ನಾನು ಇಳಿದು ಬೇಲಿಯ ಆಚೆ ಹೋಗಬೇಕಾಯಿತು. ಇನ್ಸ್‌ಪೆಕ್ಟರು ನನ್ನ ಜಾಗದಲ್ಲಿ ಕೂತರು.

ಅತ್ತೆ ಕೀ ಅರ್ಧಕ್ಕೆ ತಿರುಗಿಸಿ ನಿಲ್ಲಿಸಿದರು. ತಲೆ ವಾಲಿಸಿದರು.

"ಏನಮ್ಮಾ, ಪೂಜೆ ಮಾಡ್ತಿದೀರಾ? ಸ್ಟಾರ್ಟ್ ಮಾಡ್ರೀ" ಎಂದದ್ದು ತೆರೆದ ಕಿಟಕಿಯಿಂದ ನನಗೂ ಕೇಳಿತು.

"ಪೂಜೆ ಆಗೋಯ್ತು ಸಾರ್. ಕೇಳಿಸ್ಕೊಂತಿದೀನಿ."

ಕಾರು ಹೊತ್ತಿಕೊಂಡಿತು. ಎಂಟರ ಆಕಾರದ ದಾರಿಯನ್ನು ಅವರು ರಂಗೋಲಿಯ ಎಳೆ ಎಳೆದಷ್ಟು ಸಲೀಸಾಗಿ ಸುತ್ತಿದರು. ಆಮೇಲೆ ರಿವರ್ಸ್. ಅದೇ ಕಂಬಗಳು. ನಾನು ಬೇಲಿಯ ತಂತಿ ಹಿಡಿದು ಬಲಗಾಲನ್ನು ಮಣ್ಣಿಗೆ ಒತ್ತಿದೆ. ಕಾರು ಹಿಂದಕ್ಕೆ ಬಂತು, ಇನ್ನಷ್ಟು ಬಂತು. ಅತ್ತೆ ಎಡಗಡೆ ಕನ್ನಡಿ ನೋಡಿದರು. ನಿಂತರು. ಚೂರು ಮುಂದೆ ಹೋಗಿ ನೇರ ಮಾಡಿಕೊಂಡು ಮತ್ತೆ ಹಿಂದಕ್ಕೆ ಬಂದರು. ಕಂಬಕ್ಕೂ ಕಾರಿಗೂ ನಡುವೆ ಒಂದು ಹಸು ನಡೆದುಹೋಗುವಷ್ಟು ಜಾಗ ಉಳಿದಿತ್ತು.

"ಆಯ್ತು, ಹೋಗಿ" ಎಂದರು ಇನ್ಸ್‌ಪೆಕ್ಟರು.

"ಆಯ್ತು ಅಂದ್ರೆ? ಪಾಸೋ ಫೇಲೋ, ಬಾಯ್ ಬಿಟ್ಟು ಏಳಿ ಸಾರ್. ಮನೇಲಿ ಕಾರು ಮಾರೋಕೆ ಕಾಯ್ತಾವ್ರೆ."

"ಪಾಸ್ ಕಣಮ್ಮಾ, ಪಾಸ್! ಕಾರ್ ಮಾರ್ಬೇಡಿ ಅಂತ ನಾನ್ ಹೇಳ್ದೆ ಅನ್ನಿ."

ಗೇಟಿನ ಹೊರಗೆ ಬೇವಿನ ಮರದ ಕೆಳಗೆ ಅವರು ಕಾರು ನಿಲ್ಲಿಸಿದರು. ನಾನು ಓಡಿಹೋಗಿ ಬಾಗಿಲ ಬಳಿ ನಿಂತೆ. ಅತ್ತೆ ಸೆರಗಿನಿಂದ ಕುತ್ತಿಗೆ ಒರೆಸಿಕೊಂಡರು. ಅಲ್ಲಿ ಅಷ್ಟೊಂದು ಬೆವರು ಇಳಿದದ್ದನ್ನು ನಾನು ಆಗಲೇ ನೋಡಿದ್ದು.

"ಗಿರಿಗೆ ಫೋನ್ ಮಾಡಲಾ ಅತ್ತೆ?"

"ಮಾಡೀವಂತೆ. ಮೊದ್ಲು ಇಂದೆ ಕೂತ್ಕೊ. ಎಡಗಡೆ."

ನಾನು ಹಿಂದೆ, ಅವರ ಜಾಗದಲ್ಲಿ ಕೂತೆ. ಆ ಸೀಟಿನಲ್ಲಿ ಸಣ್ಣದೊಂದು ತಗ್ಗು ಬಿದ್ದಿತ್ತು. ಅವರು ಇಂಜಿನ್ ಆರಿಸಿ, ಮತ್ತೆ ಕೀ ಅರ್ಧಕ್ಕೆ ತಿರುಗಿಸಿದರು. ನನ್ನ ಕೆಳಗೆಲ್ಲೋ ಗುಂಯ್ ಎಂದು ಒಂದು ಸದ್ದು ಎದ್ದು, ಒಂದು ಉಸಿರಷ್ಟು ಹೊತ್ತು ಹಾರಿ, ಕೂತಿತು.

"ಕೇಳ್ತಾ?"

"ಕೇಳ್ತು ಅತ್ತೆ."

"ಆಂ. ಈಗ ಮುಂದೆ ಬಾ. ಎಲ್ ಬೋರ್ಡ್ ಇನ್ನೂ ಐತೆ, ನೀನು ಪಕ್ಕದಲ್ಲೇ ಇರ್ಬೇಕು. ಬೂಸಾ ತಗಂಡು ಇಂಗೇ ಎಸರಘಟ್ಟಕ್ಕೆ ಓಗ್ಬಿಟ್ಟು ಬರಾನ."

ನಾನು ಮುಂದೆ ಬಂದು ಕೂತು ಬೆಲ್ಟ್ ಹಾಕಿಕೊಂಡೆ. "ಬಿಡುವೈತಾ ಶಾಂತಲಾ" ಎಂದು ಅವರು ಕೇಳಲಿಲ್ಲ.